ಕಾರ್ಲೈಲ್ ಹೌಸ್, ಅಲೆಕ್ಸಾಂಡ್ರಿಯಾ: ಗೈಡ್ ಜೊತೆಗೇ ನೋಡಿ

ವಾಷಿಂಗ್ಟನ್ ಡಿಸಿಗೆ ಬಂದ ನೆಂಟರನ್ನೆಲ್ಲ ಜಾರ್ಜ್ ವಾಷಿಂಗ್ಟನ್‌ನ ಮನೆ ಮೌಂಟ್ ವರ್ನನ್‌ಗೆ ಕರೆದುಕೊಂಡು ಹೋಗಿ ಸಾಕಾಗಿದೆಯಾ? ಹತ್ತಿರದ ಅಲೆಕ್ಸಾಂಡ್ರಿಯಾದಲ್ಲಿ ಕಾರ್ಲೈಲ್ ಹೌಸ್ ಇದೆ, ಅಲ್ಲಿಗೆ ಹೋಗಿ. ಜಾನ್ ಕಾರ್ಲೈಲ್ ಅನ್ನೋ ಸ್ಕಾಟಿಷ್ ಮೂಲದ ವ್ಯಾಪಾರಿ 1753ರಲ್ಲಿ ಕಟ್ಟಿ ಮುಗಿಸಿದ ಕಲ್ಲಿನ ಮನೆ. ವರ್ಜೀನಿಯಾಕ್ಕೆ ವ್ಯಾಪಾರಕ್ಕೆ ಬಂದವನು 1749ರಲ್ಲಿ ಈ ಊರು ಹುಟ್ಟಿದಾಗ ಅದರ ಟ್ರಸ್ಟಿಗಳಲ್ಲಿ ಒಬ್ಬನಾದ. ಸಂಬಂಧವೂ ಸುಮ್ನೆ ಬೆಳೆಸಿದ್ದಲ್ಲ: ಹೆಂಡತಿ ದೊಡ್ಡ ಫೇರ್‌ಫ್ಯಾಕ್ಸ್ ಮನೆತನದವಳು, ಅವಳ ಅಕ್ಕನ ಗಂಡ ಜಾರ್ಜ್ ವಾಷಿಂಗ್ಟನ್‌ನ ಮಲಅಣ್ಣ.

ಟೂರ್‌ನ ಮಜಾ ಇರೋದು 1755ರ ಏಪ್ರಿಲ್ ಕಥೆಯಲ್ಲಿ. ಬ್ರಿಟಿಷ್ ಜನರಲ್ ಬ್ರಾಡಕ್ ಇದೇ ಮನೆಯಲ್ಲಿ ಠಿಕಾಣಿ ಹೂಡಿ, ಐದು ವಸಾಹತುಗಳ ಗವರ್ನರುಗಳನ್ನು ಕರೆಸಿ, ಫ್ರೆಂಚರ ಮೇಲಿನ ಯುದ್ಧಕ್ಕೆ ದುಡ್ಡು ಹೊಂದಿಸಿ ಅಂತ ಪಟ್ಟು ಹಿಡಿದ. ಇಂಥ ಸಭೆ ನಮ್ಮ ಮನೆಯಲ್ಲಿ ನಡೆಯಿತು ಅಂತ ಕಾರ್ಲೈಲ್‌ಗೆ ಹೆಮ್ಮೆಯೋ ಹೆಮ್ಮೆ. ಆದರೆ ಜನರಲ್ ಸಾಹೇಬರು ಮನೆ, ಸಾಮಾನು ಎಲ್ಲ ಹಾಳು ಮಾಡಿದರು ಅಂತ ಸೋದರನಿಗೆ ಬರೆದ ಪತ್ರದಲ್ಲಿ ಗೊಣಗಿದ್ದಾನೆ. ನೆಂಟರ ಕಾಟ ಆಗಲೂ ಇತ್ತು, ಅಲ್ವಾ!

ನನಗೆ ಜಾಸ್ತಿ ಇಷ್ಟವಾಗಿದ್ದು ಮಹಡಿಯ ಒಂದು ಕೋಣೆ. ಅದನ್ನು ಸಿಂಗಾರ ಮಾಡದೆ ಬಿಟ್ಟಿದ್ದಾರೆ, ಮನೆ ಹೇಗೆ ಕಟ್ಟಿದ್ದರು ಅಂತ ಕಣ್ಣಾರೆ ಕಾಣುತ್ತದೆ. ಹೊಳೆಯುವ ಊಟದ ಕೋಣೆ ನೋಡುವಾಗ ಒಂದು ಮಾತು ನೆನಪಿರಲಿ, ಆ ಮನೆ ನಡೆದಿದ್ದು ಗುಲಾಮರ ದುಡಿಮೆಯಿಂದ. ಗೈಡನ್ನು ಅದರ ಬಗ್ಗೆ ಕೇಳಿ. ಹಿಂದೆ ಚಿಕ್ಕ ತೋಟವಿದೆ, ಅಲ್ಲಿ ಕೂರಬಹುದು. ಕಾರ್ ಮಾತ್ರ ದೂರ ನಿಲ್ಲಿಸಿ ನಡೆದು ಬನ್ನಿ, ನಾವು ಜಾಗ ಹುಡುಕುತ್ತಾ ಅರ್ಧ ಗಂಟೆ ಸುತ್ತಿದೆವು.