ಸೆಕೆಂಡ್‌ಹ್ಯಾಂಡ್ 9 ಎಂಎಂ ಕಾರ್ಬೈನ್ ಕೊಳ್ಳುವವರೇ, ಬಫರ್ ಹೊರಗೆ ತೆಗೆದು ನೋಡದೆ ಸಹಿ ಹಾಕಬೇಡಿ

ಪಿಸ್ತೂಲ್ ಗುಂಡು ಹೊಡೆಯುವ ಕಾರ್ಬೈನ್ (ಗಿಡ್ಡ ರೈಫಲ್) ಕೊಳ್ಳುವ ಯೋಚನೆ ಇದ್ದವರು ದಯವಿಟ್ಟು ಇದನ್ನು ಪೂರ್ತಿ ಓದಿ. ಬಫರ್ ಅಂದರೆ ಚೇಂಬರ್ ಮುಚ್ಚುವ ಬೋಲ್ಟ್‌ನ ಹಿಂದೆ ಕೂತು, ಅದರ ಜೊತೆ ಹಿಂದೆ ಮುಂದೆ ಓಡುವ ತೂಕದ ತುಂಡು. ಮಾರುವವನು ನಿಮ್ಮನ್ನು ರೇಂಜ್‌ಗೆ ಕರೆದು, ಬಂದೂಕು ಕೈಗೆ ಕೊಟ್ಟು, "ನೀವೇ ಹೊಡೆದು ನೋಡಿ, ನಾನು ಹೇಳೋದೇನಿದೆ" ಅನ್ನುತ್ತಾನೆ. ಅದನ್ನೇ ಪುರಾವೆ ಅಂದುಕೊಳ್ಳಬೇಡಿ. ನಾನೂ ಹೊಡೆದು ನೋಡಿಯೇ ಕೊಂಡಿದ್ದು. ಅಲ್ಲಿ ಹೊಡೆದ ಬಂದೂಕು ಬೇರೆ, ಮನೆಗೆ ಬಂದ ಬಂದೂಕು ಬೇರೆ. ಸೀರಿಯಲ್ ನಂಬರ್ ಮಾತ್ರ ಒಂದೇ.

ನಾನಿರುವುದು ಅಮೆರಿಕದಲ್ಲಿ. ಇಲ್ಲಿ ಯುಎಸ್‌ಪಿಎಸ್‌ಎ ಅನ್ನುವ ಶೂಟಿಂಗ್ ಸಂಸ್ಥೆಯ ಪಂದ್ಯಗಳಲ್ಲಿ 2016ರಿಂದ ಈ ಕಾರ್ಬೈನ್‌ಗಳಿಗೇ ಒಂದು ವಿಭಾಗ ಇದೆ. ಅದಾದ ಮೇಲೆ ಮಾರುಕಟ್ಟೆಯಲ್ಲಿ ಇವುಗಳ ಓಡಾಟ ಜಾಸ್ತಿಯಾಯಿತು. ಪಂದ್ಯ ಆಡಿದವರು ಹೊಸದು ಕೊಳ್ಳುತ್ತಾರೆ, ಹಳೆಯದು ಕೈ ಬದಲಾಗುತ್ತದೆ. ನನಗೆ ಸಿಕ್ಕಿದ್ದು ಹಾಗೆ ಕೈ ಬದಲಾದದ್ದೇ. ಎಆರ್ ಮಾದರಿ (ಎಆರ್-15 ರೈಫಲ್ ವಿನ್ಯಾಸದ್ದು), 16 ಇಂಚಿನ ಬ್ಯಾರೆಲ್, ಗ್ಲಾಕ್ ಮ್ಯಾಗಜೀನ್ ತೆಗೆದುಕೊಳ್ಳುತ್ತದೆ. ಸಾದಾ ಬ್ಲೋಬ್ಯಾಕ್, ಅಂದರೆ ಬೋಲ್ಟ್‌ಗೆ ಬೀಗವಿಲ್ಲದ್ದು. ಮಾರಿದವನು ಲೈಸೆನ್ಸ್ ಇರುವ ಡೀಲರ್, ಸ್ವತಃ ಪಂದ್ಯ ಆಡುವವನು. ಅದಕ್ಕೇ ನಂಬಿಕೆ ಬಂತು. ಆಟ ಗೊತ್ತಿರುವವನು ಆಟಗಾರನಿಗೆ ಮೋಸ ಮಾಡಲ್ಲ ಅಂತ ಎಲ್ಲರೂ ಅಂದುಕೊಳ್ಳುತ್ತೇವೆ, ಅಲ್ವಾ?

ಜಾಹೀರಾತಿನಲ್ಲಿ ಮೂರು ಮಾತಿತ್ತು. ಒದೆತವೇ ಇಲ್ಲ. ಯಾವ ಗುಂಡು ಹಾಕಿದರೂ ಓಡುತ್ತದೆ. ಪಂದ್ಯಕ್ಕೆ ಸಿದ್ಧ. ಜೊತೆಗೊಂದು ವಿಡಿಯೋ. ಅದರಲ್ಲಿ ಅವನು ಎಡೆಬಿಡದೆ ಹೊಡೆಯುತ್ತಾನೆ, ನಳಿಗೆ ಅಲುಗುವುದೇ ಇಲ್ಲ.

ರೇಂಜ್‌ನಲ್ಲೂ ಹಾಗೇ ಇತ್ತು. ಇದನ್ನು ಒಪ್ಪಿಕೊಳ್ಳಲೇಬೇಕು. ಗುರಿ ಹಿಡಿಯಲು ಮೇಲೆ ಕೂರಿಸಿದ ರೆಡ್ ಡಾಟ್‌ನ ಚುಕ್ಕೆ ಗುರಿಯ ಮೇಲೇ ಸ್ವಲ್ಪ ನಡುಗಿ ಅಲ್ಲೇ ನಿಲ್ಲುತ್ತಿತ್ತು. ಎರಡನೇ ಗುಂಡು ಮೊದಲನೆಯದರ ಪಕ್ಕದಲ್ಲೇ ಬೀಳುತ್ತಿತ್ತು. ಬ್ಲೋಬ್ಯಾಕ್ ಇಷ್ಟು ಮೆತ್ತಗಿರುವುದು ಹೇಗೆ ಅಂತ ಕೇಳಿದೆ. "ಟ್ಯೂನಿಂಗ್ ಸರ್, ಎಲ್ಲಾ ಟ್ಯೂನಿಂಗ್" ಅಂದ. ಏನು ಟ್ಯೂನಿಂಗ್ ಅಂತ ಮತ್ತೆ ಕೇಳಿದೆ. "ಒಳಗಿನದೆಲ್ಲ ಸರಿ ಮಾಡಿದ್ದೀನಿ" ಅಂದ. ಒಳಗಿನದು. ಈ ಪದ ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತದೆ.

ಮ್ಯಾಗಜೀನ್ ತುಂಬಿದ್ದೂ ಅವನೇ. ಒಂದೊಂದರಲ್ಲಿ ಕೆಲವೇ ಗುಂಡು. ನಾನು ಒಯ್ದಿದ್ದ ಡಬ್ಬಿ ತೆಗೆದಾಗ, "ಅದು ನಿಮಗೆ ಖರ್ಚು ಯಾಕೆ, ನನ್ನದೇ ಹೊಡೀರಿ" ಅಂದ. ದೊಡ್ಡ ಮನಸ್ಸಿನವನು ಅಂದುಕೊಂಡೆ. ಈಗ ನೆನೆಸಿಕೊಂಡರೆ ಮೈ ಉರಿಯುತ್ತದೆ.

ಹಣ ಕೊಟ್ಟೆ. ಸರ್ಕಾರಿ 4473 ಫಾರ್ಮ್ ತುಂಬಿದೆ, ಹಿನ್ನೆಲೆ ಪರಿಶೀಲನೆ ಆಯಿತು. ನಡುವೆ ಕೆಲವು ದಿನ ಬಂದೂಕು ಅವನ ಬಳಿಯೇ ಇತ್ತು. "ಕ್ಲೀನ್ ಮಾಡಿ ಕೊಡ್ತೀನಿ" ಅಂದಿದ್ದ. ಹೌದು, ಚೆನ್ನಾಗಿಯೇ ಕ್ಲೀನ್ ಮಾಡಿದ.

ಮೊದಲ ಸಲ ನನ್ನ ಗುಂಡು ಹಾಕಿ ಹೊಡೆದೆ. ಅಂಗಡಿಯಲ್ಲಿ ಸಿಗುವ ಮಾಮೂಲಿ 124 ಗ್ರೇನ್ (ಗುಂಡಿನ ತೂಕದ ಅಳತೆ). ಭುಜಕ್ಕೆ ಬಿದ್ದ ಏಟಿಗೆ ಬಂದೂಕು ಇಳಿಸಿ ನೋಡಿದೆ. ಇದು ಅದೇನಾ? ಮತ್ತೆ ಹೊಡೆದೆ. ಅದೇ ಏಟು. ತಳ್ಳಿದ ಹಾಗಲ್ಲ, ಒಳಗಿನಿಂದ ಯಾರೋ ಸುತ್ತಿಗೆಯಲ್ಲಿ ಕುಟ್ಟಿದ ಹಾಗೆ. ಚುಕ್ಕೆ ಮೇಲೆ ಹಾರಿ ಕಾಣದೇ ಹೋಗುತ್ತಿತ್ತು. ಹೊಡೆದ ಗುಂಡಿನ ಖಾಲಿ ಕೇಸ್‌ಗಳು ಪಕ್ಕದ ಲೇನ್ ದಾಟಿ ಬೀಳುತ್ತಿದ್ದವು.

9 ಎಂಎಂ ಗುಂಡಿಗೆ ಭುಜ ಹೆದರಬಾರದು. ರೈಫಲ್ ತೂಕದ ಬಂದೂಕಿನಲ್ಲಿ ಆ ಗುಂಡಿನ ಒದೆತ ನಿಜಕ್ಕೂ ಚಿಕ್ಕದು. ಆದರೆ ಸಾದಾ ಬ್ಲೋಬ್ಯಾಕ್‌ನಲ್ಲಿ ಬೋಲ್ಟ್‌ಗೆ ಬೀಗ ಇರುವುದಿಲ್ಲ. ಗುಂಡು ಹಾರುವಾಗ ಚೇಂಬರ್ ಮುಚ್ಚಿಕೊಂಡಿರುವುದು ಬೋಲ್ಟ್ ಮತ್ತು ಬಫರ್‌ನ ತೂಕದಿಂದ, ಜೊತೆಗೆ ಸ್ವಲ್ಪ ಸ್ಪ್ರಿಂಗ್‌ನಿಂದ. ಆ ತೂಕ ಹಿಂದಕ್ಕೆ ಓಡಿ ಕೊನೆಗೆ ಬಡಿಯುತ್ತದೆ, ಮತ್ತೆ ಮುಂದಕ್ಕೆ ಬಂದು ಬಡಿಯುತ್ತದೆ. ನಮಗೆ ತಾಗುವುದು ಆ ಬಡಿತ. ಅದಕ್ಕೇ ಎಷ್ಟೋ ಜನ 9 ಎಂಎಂ ಬ್ಲೋಬ್ಯಾಕ್ ಎಆರ್ ಹೊಡೆದು, ಇನ್ನೂ ಬಲವಾದ ಗುಂಡಿನ 5.56 ರೈಫಲ್ಲೇ ಇದಕ್ಕಿಂತ ಮೆತ್ತಗಿತ್ತಲ್ಲ ಅನ್ನುತ್ತಾರೆ. ಎಂಪಿ5 ಅನ್ನುವ ಬಂದೂಕಿನಲ್ಲಿ ರೋಲರ್‌ಗಳು ಬೋಲ್ಟ್ ತೆರೆಯುವುದನ್ನು ತಡ ಮಾಡುತ್ತವೆ. ಸಿಗ್ ಎಂಪಿಎಕ್ಸ್‌ನಲ್ಲಿ ಗ್ಯಾಸ್ ಪಿಸ್ಟನ್ ಮತ್ತು ತಿರುಗುವ ಬೋಲ್ಟ್ ಇದೆ. ಅವಕ್ಕೆ ಇಷ್ಟು ಭಾರದ ಬೋಲ್ಟ್ ಬೇಡ. ಬ್ಲೋಬ್ಯಾಕ್ ಕೆಟ್ಟದ್ದು ಅಂತ ನಾನು ಹೇಳುತ್ತಿಲ್ಲ. ಸರಿಯಾದ ತೂಕ ಇಟ್ಟರೆ ಅದೂ ಚೆನ್ನಾಗಿ ಓಡುತ್ತದೆ. ತೂಕ ಇಡಬೇಕು ಅಷ್ಟೇ. ಇಟ್ಟಿದ್ದನ್ನು ಕದಿಯಬಾರದು.

ಏಟಿನ ಜೊತೆ ಜಾಮ್‌ಗಳೂ ಶುರುವಾದವು. ಮ್ಯಾಗಜೀನ್ ಪೂರ್ತಿ ತುಂಬಿದರೆ ಬೋಲ್ಟ್ ಗುಂಡನ್ನು ಎತ್ತದೆ ಖಾಲಿ ಚೇಂಬರ್ ಮೇಲೆ ಮುಚ್ಚಿಕೊಳ್ಳುತ್ತಿತ್ತು. ಟ್ರಿಗರ್ ಒತ್ತಿದರೆ ಬರೀ ಕ್ಲಿಕ್. ಮೂತಿಯಲ್ಲಿ ತೂತಿರುವ ಹಾಲೋ ಪಾಯಿಂಟ್ ಗುಂಡು ಹಾಕಿದರೆ ಮೂತಿ ಚೇಂಬರ್ ಬಾಯಿಯ ಫೀಡ್ ರ್‍ಯಾಂಪ್‌ಗೆ ತಾಗಿ ನಿಲ್ಲುತ್ತಿತ್ತು. ಅವನಿಗೆ ಮೆಸೇಜ್ ಮಾಡಿದೆ.

"ಗುಂಡು ಬದಲಾಯಿಸಿ ನೋಡಿ ಸರ್."

ಬದಲಾಯಿಸಿದೆ. ಅದೇ ಕಥೆ.

"ಮ್ಯಾಗಜೀನ್ ಯಾವುದು? ಫ್ಯಾಕ್ಟರಿಯದೇ ಹಾಕಬೇಕು."

ಫ್ಯಾಕ್ಟರಿಯದೇ ಹಾಕಿದ್ದು. ಫೋಟೋ ಕಳಿಸಿದೆ.

"ಬ್ರೇಕ್ ಇನ್ ಆಗಬೇಕು, ಇನ್ನೊಂದಿಷ್ಟು ಹೊಡೀರಿ."

ಸೆಕೆಂಡ್‌ಹ್ಯಾಂಡ್ ಬಂದೂಕಿಗೆ ಬ್ರೇಕ್ ಇನ್! ಸಾವಿರಾರು ಗುಂಡು ಹೊಡೆದಿದ್ದೀನಿ ಅಂತ ಅವನೇ ಹೇಳಿದ್ದ. ಅದನ್ನು ನೆನಪಿಸಿದೆ. ಒಂದು ದಿನ ಉತ್ತರವಿಲ್ಲ. ಆಮೇಲೆ ಬಂತು:

"ನೀವು ಭುಜಕ್ಕೆ ಸರಿಯಾಗಿ ಒತ್ತಿ ಹಿಡೀತಿಲ್ಲ ಅನ್ಸುತ್ತೆ."

ಈ ಮಾತು ಓದಿದಾಗ ಆದ ಅವಮಾನ ನನಗಿನ್ನೂ ಆರಿಲ್ಲ. ಸಮಸ್ಯೆ ಅವನ ಮಾಲಿನದಲ್ಲ, ನನ್ನ ಭುಜದ್ದು. ಅವನೆದುರಿಗೇ ಹೊಡೆದಾಗ ಇದೇ ಭುಜ ಇತ್ತಲ್ಲ?

ಆಮೇಲೆ ಕ್ಲಬ್ಬಿನವರ ಎದುರೇ ಬೋಲ್ಟ್ ಕ್ಯಾಚ್ ಮುರಿಯಿತು. ಕೊನೆಯ ಗುಂಡು ಮುಗಿದ ಮೇಲೆ ಬೋಲ್ಟ್ ಹಿಂದೆ ನಿಲ್ಲಬೇಕು. ನಿಲ್ಲಲಿಲ್ಲ. ಎಲ್ಲರೂ ನನ್ನನ್ನೇ ನೋಡುತ್ತಿದ್ದರು. ಹೊಸ ಬಂದೂಕು ಅಂತ ಹೇಳಿಕೊಂಡು ಹೋಗಿದ್ದೆ. ರೇಂಜ್ ಆಫೀಸರ್ ನಿಲ್ಲಿಸಿ, ಬಿದ್ದಿದ್ದ ನನ್ನ ಕೇಸ್‌ಗಳನ್ನು ಎತ್ತಿ ತೋರಿಸಿದರು. ಬುಡದ ಹತ್ತಿರ ಉಬ್ಬಿದ್ದವು. "ಇನ್ನು ಒಂದೂ ಹೊಡೆಯಬೇಡಿ, ಮೊದಲು ಬಫರ್ ತೆಗೆದು ನೋಡಿ" ಅಂದರು. ಉಬ್ಬಿದ ಕೇಸ್ ಅಂದರೆ ಒತ್ತಡ ಇಳಿಯುವ ಮೊದಲೇ ಬೋಲ್ಟ್ ತೆರೆಯುತ್ತಿದೆ ಅಂತ. ಅದು ಬರೀ ಕಿರಿಕಿರಿಯಲ್ಲ. ಕೇಸ್ ಸಿಡಿದರೆ ಮುಖದ ಪಕ್ಕದಲ್ಲೇ ಸಿಡಿಯುತ್ತದೆ.

ಮನೆಗೆ ಬಂದು ತೆಗೆದೆ. ಬಫರ್ ಕೈಗೆ ಬಂದ ತಕ್ಷಣ ಗೊತ್ತಾಯಿತು. ಹಗುರ. ತಕ್ಕಡಿಯಲ್ಲಿಟ್ಟೆ, ಸುಮಾರು 85 ಗ್ರಾಂ. ಅದು 5.56 ರೈಫಲ್‌ಗಳಿಗೆ ಹಾಕುವ ಸಾದಾ ಕಾರ್ಬೈನ್ ಬಫರ್. 9 ಎಂಎಂಗೆ ಅಂತ ಮಾಡಿದ ಬಫರ್ 150 ಗ್ರಾಂ ದಾಟುತ್ತದೆ, ಅದಕ್ಕಿಂತ ಭಾರದ್ದೂ ಇವೆ. ನನಗೆ ಸಿಕ್ಕಿದ್ದರ ಉದ್ದವೂ ಕಡಿಮೆ, ಮೂರೂಕಾಲು ಇಂಚು. ಬಫರ್ ಗಿಡ್ಡವಾದಷ್ಟೂ ಬೋಲ್ಟ್ ಹಿಂದಕ್ಕೆ ಜಾಸ್ತಿ ಹೋಗುತ್ತದೆ. 9 ಎಂಎಂ ಬೋಲ್ಟ್‌ಗೆ ಅಷ್ಟು ಹಿಂದಕ್ಕೆ ಹೋಗುವ ಅಗತ್ಯವೇ ಇಲ್ಲ. ಅದಕ್ಕೇ ಉದ್ದನೆಯ ಬಫರ್ ಹಾಕುತ್ತಾರೆ, ಇಲ್ಲವೇ ಟ್ಯೂಬಿನ ಒಳಗೆ ಸ್ಪೇಸರ್ ಇಡುತ್ತಾರೆ. ಇದರಲ್ಲಿ ಎರಡೂ ಇರಲಿಲ್ಲ. ಬೋಲ್ಟ್ ಹಿಂದಕ್ಕೆ ಜಾಸ್ತಿ ದೂರ ಓಡಿ, ಮುಂದೆ ಬರುವಾಗ ವೇಗ ಪಡೆದು ಕ್ಯಾಚ್ ಮೇಲೆ ಬಡಿಯುತ್ತಿತ್ತು. ಮುರಿದದ್ದು ಅದರಿಂದಲೇ. ಬೋಲ್ಟ್ ಅಷ್ಟು ಬೇಗ ಹಿಂದೆ ಹೋಗಿ ಮುಂದೆ ಬಂದುಬಿಡುವುದರಿಂದ ಮ್ಯಾಗಜೀನ್ ಸ್ಪ್ರಿಂಗ್‌ಗೆ ಮುಂದಿನ ಗುಂಡು ಎತ್ತಲು ಸಮಯವೇ ಸಿಗುತ್ತಿರಲಿಲ್ಲ. ಜಾಮ್, ಏಟು, ದೂರ ಹಾರುವ ಕೇಸ್, ಮುರಿದ ಕ್ಯಾಚ್ ಎಲ್ಲಕ್ಕೂ ಮೂಲ ಇದೇ.

ರೇಂಜ್‌ನಲ್ಲಿ ನಾನು ಹೊಡೆದಾಗ ಒಳಗಿದ್ದದ್ದು ಇದಲ್ಲ. ತಕ್ಕಡಿಯ ಫೋಟೋ ಕಳಿಸಿ ಅದನ್ನೇ ಕೇಳಿದೆ. ಉತ್ತರ ನೋಡಿ:

"ಆ ಬಫರ್ ನನ್ನ ಸ್ವಂತದ್ದು ಸರ್. ಜಾಹೀರಾತಿನಲ್ಲಿ ಬಫರ್ ಅಂತ ಎಲ್ಲಿ ಬರೆದಿದ್ದೀನಿ? ಆಕ್ಸೆಸರಿ ಯಾವುದೂ ಸೇರಿಲ್ಲ ಅಂತ ಕೆಳಗೆ ಇದೆ."

ಬಫರ್ ಆಕ್ಸೆಸರಿ ಅಂತೆ! ಬ್ಲೋಬ್ಯಾಕ್ ಬಂದೂಕಿನಲ್ಲಿ ಚೇಂಬರ್ ಮುಚ್ಚಿಡುವ ತೂಕದ ಒಂದು ಭಾಗ ಆಕ್ಸೆಸರಿ ಅಂತೆ! ಟಾರ್ಚು, ಪಟ್ಟಿ, ರೆಡ್ ಡಾಟ್ ತೆಗೆದುಕೊಂಡರೆ ನಾನು ಬಾಯಿ ಬಿಡುತ್ತಿರಲಿಲ್ಲ. ಅದು ಎಲ್ಲರೂ ಮಾಡುವುದೇ. ಆದರೆ ಒಳಗಿನ ಭಾಗ ತೆಗೆದು, ಅದರ ಜಾಗದಲ್ಲಿ ಹೊಂದದ ಇನ್ನೊಂದನ್ನು ಹಾಕಿ, ಹೊರಗಿನಿಂದ ಏನೂ ಕಾಣದ ಹಾಗೆ ಮಾಡಿ ಕೊಟ್ಟಿದ್ದಾನೆ. ಏನೂ ಹಾಕದೆ ಕೊಟ್ಟಿದ್ದರೆ ಬೋಲ್ಟ್ ಎಳೆದ ಕೂಡಲೇ ಗೊತ್ತಾಗುತ್ತಿತ್ತು. ಹಾಕಿ ಕೊಟ್ಟಿದ್ದಾನೆ. ಅಂದರೆ ಕೂತು ಯೋಚನೆ ಮಾಡಿಯೇ ಮಾಡಿದ್ದಾನೆ.

ಗುಂಡಿನ ವಿಷಯವನ್ನೂ ಆಗಲೇ ಕೇಳಿದೆ. ಅವತ್ತು ನನಗೆ ಕೊಟ್ಟದ್ದು ಯಾವುದು? "ನನ್ನ ಮ್ಯಾಚ್ ಲೋಡ್, 147 ಗ್ರೇನ್" ಅಂತ ಯಾವ ಮುಜುಗರವೂ ಇಲ್ಲದೆ ಬರೆದ. ಪಂದ್ಯ ಆಡುವವರಿಗೆ ಇದರ ಅರ್ಥ ಗೊತ್ತು. ಯುಎಸ್‌ಪಿಎಸ್‌ಎಯಲ್ಲಿ ಈ ವಿಭಾಗಕ್ಕೆ ಮೈನರ್ (ಕಡಿಮೆ ಬಲದ ಗುಂಡಿನ) ಸ್ಕೋರಿಂಗ್ ಮಾತ್ರ, ಗುಂಡಿನ ಬಲ ಅಳೆಯುವ ಪವರ್ ಫ್ಯಾಕ್ಟರ್ 125 ಇದ್ದರೆ ಸಾಕು. ಗುಂಡಿನ ಗ್ರೇನ್ ತೂಕವನ್ನು ಸೆಕೆಂಡಿಗೆ ಎಷ್ಟು ಅಡಿ ಅನ್ನುವ ವೇಗದಿಂದ ಗುಣಿಸಿ, ಸಾವಿರದಿಂದ ಭಾಗಿಸಬೇಕು. 147 ಗ್ರೇನ್ ಗುಂಡು 860 ಅಡಿ ವೇಗದಲ್ಲಿ ಹೋದರೆ 126 ಬರುತ್ತದೆ. ಅಲ್ಲಿಗೆ ಪಾಸು. ಮನೆಯಲ್ಲೇ ಗುಂಡು ತುಂಬುವವರು ಆ ಗೆರೆಯ ಹತ್ತಿರಕ್ಕೇ ತಂದು ನಿಲ್ಲಿಸುತ್ತಾರೆ, ಏಕೆಂದರೆ ಮೆತ್ತಗಿರುತ್ತದೆ. ಅಂಗಡಿಯ 124 ಗ್ರೇನ್ ಗುಂಡು 16 ಇಂಚಿನ ಬ್ಯಾರೆಲ್‌ನಿಂದ 1200 ಅಡಿ ವೇಗದಲ್ಲಿ ಹೊರಬಿದ್ದರೆ ಅದೇ ಲೆಕ್ಕ 150ರ ಹತ್ತಿರ ಹೋಗುತ್ತದೆ. ಅವನು ನನಗೆ ಹೊಡೆಸಿದ್ದು ಭಾರದ ಬಫರ್, ಮೆತ್ತನೆಯ ಗುಂಡು, ಅರೆ ತುಂಬಿದ ಮ್ಯಾಗಜೀನ್. ಕೊಟ್ಟದ್ದು ಹಗುರ ಬಫರ್. "ಯಾವ ಗುಂಡು ಹಾಕಿದರೂ ಓಡುತ್ತದೆ" ಅಂತ ಬರೆದವನು ತನ್ನದಲ್ಲದ ಒಂದೇ ಒಂದು ಗುಂಡು ಅದರಲ್ಲಿ ಹೊಡೆಯಲು ಬಿಡಲಿಲ್ಲ.

ವಾಪಸ್ ತೆಗೆದುಕೋ ಅಂದೆ. "ಟ್ರಾನ್ಸ್‌ಫರ್ ಆದ ಮೇಲೆ ಅದು ಸೆಕೆಂಡ್‌ಹ್ಯಾಂಡ್ ಸರ್, ಬೆಲೆ ಕಡಿಮೆಯಾಗುತ್ತೆ" ಅಂದ. ಕೊಳ್ಳುವಾಗಲೂ ಸೆಕೆಂಡ್‌ಹ್ಯಾಂಡೇ ಇತ್ತು! ಹೋಗಲಿ, ಬಫರ್ ಆದರೂ ಕೊಡು ಅಂದೆ. ಅದಕ್ಕೆ ಬೇರೆ ದುಡ್ಡು ಕೇಳಿದ. ನನಗೆ ತೋರಿಸಿ ಮಾರಿದ ವಸ್ತುವನ್ನು ನನಗೇ ಇನ್ನೊಮ್ಮೆ ಮಾರಲು ಬಂದ. ಅವತ್ತಿಗೆ ಮಾತು ನಿಲ್ಲಿಸಿದೆ.

ಹಿಡಿತದ ಬಗ್ಗೆ ದೂರಿಲ್ಲ, ಅದನ್ನೂ ಹೇಳಬೇಕು. ತೂಕ ಮುಂದಕ್ಕೆ ವಾಲುವುದಿಲ್ಲ, ಮ್ಯಾಗಜೀನ್ ಬಟನ್ ಬೆರಳಿಗೆ ಸಿಗುತ್ತದೆ, ಟ್ರಿಗರ್ ಚೆನ್ನಾಗಿದೆ. ಚುಕ್ಕೆ ಬ್ಯಾರೆಲ್‌ಗಿಂತ ಎರಡೂವರೆ ಇಂಚು ಮೇಲಿರುವುದರಿಂದ ತೀರಾ ಹತ್ತಿರದ ಗುರಿಗೆ ಗುಂಡು ಕೆಳಗೆ ಬೀಳುತ್ತದೆ. ಆದರೆ ಅದು ಈ ಮಾದರಿಯ ಎಲ್ಲದರಲ್ಲೂ ಇರುವುದೇ. ಬಂದೂಕು ಕೆಟ್ಟದ್ದಲ್ಲ. ಹೊಸ ಕ್ಯಾಚ್ ಮತ್ತು ಸರಿಯಾದ 9 ಎಂಎಂ ಬಫರ್ ನನ್ನ ದುಡ್ಡಿನಲ್ಲೇ ಹಾಕಿಸಿದೆ. ಗನ್‌ಸ್ಮಿತ್ ಚೇಂಬರ್ ಮತ್ತು ಬೋಲ್ಟ್ ಪರೀಕ್ಷೆ ಮಾಡಿ ಕೊಟ್ಟರು. ಈಗ ಪೂರ್ತಿ ಮ್ಯಾಗಜೀನ್ ಓಡುತ್ತದೆ, ಕೇಸ್ ಉಬ್ಬುವುದಿಲ್ಲ. ಅದಕ್ಕೇ ಸಿಟ್ಟು ಇನ್ನೂ ಜಾಸ್ತಿ. ಆ ಒಂದು ತುಂಡು ಬಿಟ್ಟುಕೊಟ್ಟಿದ್ದರೆ ಇದ್ಯಾವುದೂ ಆಗುತ್ತಿರಲಿಲ್ಲ.

ನೀವು ನೋಡಲು ಹೋದಾಗ ನಿಮ್ಮ ಗುಂಡು, ನಿಮ್ಮ ಮ್ಯಾಗಜೀನ್ ಒಯ್ಯಿರಿ. ಅಂಗಡಿಯ 115 ಅಥವಾ 124 ಗ್ರೇನ್ ಹೊಡೆಯಿರಿ. ಹಾಲೋ ಪಾಯಿಂಟ್ ಹಾಕುವವರಾದರೆ ಅದನ್ನೂ ಹೊಡೆಯಿರಿ. ಮ್ಯಾಗಜೀನ್ ಪೂರ್ತಿ ತುಂಬಿ, ಬೇಗ ಬೇಗ ಹೊಡೆಯಿರಿ. ನಿಧಾನಕ್ಕೆ ಒಂದೊಂದೇ ಹೊಡೆದರೆ ಯಾವ ಬಂದೂಕೂ ಒಳ್ಳೆಯದೇ. ಬಿದ್ದ ಕೇಸ್ ಎತ್ತಿ ಬುಡ ನೋಡಿ. ಆಮೇಲೆ ಬಂದೂಕು ಖಾಲಿ ಮಾಡಿಸಿ, ಅವನ ಎದುರೇ ಬಫರ್ ತೆಗೆಸಿ, ತೂಕ ಹಾಕಿ, ಫೋಟೋ ತೆಗೆಯಿರಿ. "ಈ ಫೋಟೋದಲ್ಲಿರುವ ಭಾಗಗಳೊಂದಿಗೆ" ಅಂತ ರಸೀದಿಯಲ್ಲಿ ಬರೆಸಿ. ಬಂದೂಕು ಕೈಗೆ ಬರುವ ದಿನ ಇನ್ನೊಮ್ಮೆ ತೆಗೆಸಿ ನೋಡಿ, ಆಮೇಲೆ ಸಹಿ. "ಅಷ್ಟೂ ನಂಬಿಕೆ ಇಲ್ವಾ" ಅಂತ ಮುಖ ಸಿಂಡರಿಸಿದರೆ ಎದ್ದು ಬನ್ನಿ. ನನ್ನನ್ನೂ ಹಾಗೇ ಕೇಳಿದ್ದ.

ಅದೇ ಡೀಲರ್ ಈಗ ಇನ್ನೊಂದು 9 ಎಂಎಂ ಎಆರ್ ಮಾರಾಟಕ್ಕಿಟ್ಟಿದ್ದಾನೆ. ಆ ಜಾಹೀರಾತಿನ ಕೆಳಗೆ ಹಾಕಿರುವುದು ನನಗೆ ತೋರಿಸಿದ ಅದೇ ವಿಡಿಯೋ. ಬಫರ್ ಎಷ್ಟು ಗ್ರಾಂ ಅಂತ ಅಲ್ಲೇ ಕೇಳಿದೆ. ನನ್ನ ಪ್ರಶ್ನೆ ಅಳಿಸಿದ. ಮತ್ತೆ ಕೇಳಿದೆ, ಮತ್ತೆ ಅಳಿಸಿದ. ಯಾರಾದರೂ ಅದನ್ನು ನೋಡಲು ಹೊರಟಿದ್ದರೆ, ಹಣ ಕೊಡುವ ಮೊದಲು ಅವನ ಮುಖ ನೋಡಿ ಅದೇ ಪ್ರಶ್ನೆ ಕೇಳಿ.