800ರ ಮೀಟರ್ ಬೋರ್ಡ್: ಗುಜರಿಯದ್ದು, ಹೊಸದು, ನಮ್ಮದೇ ಹಳೆಯದು

ಮೊದಲೇ ಹೇಳಿಬಿಡುತ್ತೇನೆ. ನಮ್ಮ ಮಾರುತಿ 800ರಲ್ಲಿ ಈಗ ಇರುವುದು 1995ರಲ್ಲಿ ಗಾಡಿಯ ಜೊತೆಗೇ ಬಂದ ಮೀಟರ್ ಬೋರ್ಡು, ಅಂದರೆ ಸ್ಪೀಡು, ಪೆಟ್ರೋಲು, ಟೆಂಪರೇಚರ್ ತೋರಿಸುವ ಡ್ಯಾಶ್‌ಬೋರ್ಡಿನ ಫಲಕ. ಅದರ ಬೆನ್ನಿಗೆ ನಾಲ್ಕು ಕಡೆ ವೈರ್ ತುಂಡು ಸೋಲ್ಡರ್ ಮಾಡಿದ್ದೇನೆ. ಒಂದು ಕಪ್ಪು ಅರ್ಥ್ ವೈರ್ (ಕರೆಂಟ್ ಗಾಡಿಯ ಬಾಡಿಗೆ ವಾಪಸ್ ಹೋಗುವ ದಾರಿ) ಬೇರೆಯಾಗಿ ಎಳೆದಿದ್ದೇನೆ. ನೋಡೋಕೆ ಚೆಂದ ಇಲ್ಲ. ಆದರೆ ಹದಿನಾಲ್ಕು ತಿಂಗಳಿಂದ ಒಂದು ಮುಳ್ಳೂ ಸುಳ್ಳು ಹೇಳಿಲ್ಲ. ಖರ್ಚು 140 ರೂಪಾಯಿ, ಸೋಲ್ಡರಿಂಗ್ ಐರನ್ ಮನೆಯಲ್ಲೇ ಇತ್ತು. ಈ ಬುದ್ಧಿ ಬರುವ ಮೊದಲು ಗುಜರಿ ಮೀಟರಿಗೆ 800, ಹೊಸ ಮೀಟರಿಗೆ 2,100 ಕೊಟ್ಟಿದ್ದೆ. ಎರಡೂ ಈಗ ಅಟ್ಟದ ಮೇಲಿವೆ.

ತೊಂದರೆ ಶುರುವಾಗಿದ್ದು ಮಳೆಗಾಲದಲ್ಲಿ. ನಾವಿರುವುದು ಶಿವಮೊಗ್ಗದಲ್ಲಿ, ಗಾಡಿ ನಿಲ್ಲುವುದು ತಗಡಿನ ಶೆಡ್ಡಿನಲ್ಲಿ. ಜುಲೈ ಬಂತೆಂದರೆ ಒಳಗೆಲ್ಲ ತೇವ. ಒಂದು ಬೆಳಿಗ್ಗೆ ನೋಡಿದರೆ ಅರ್ಧ ಟ್ಯಾಂಕ್ ಪೆಟ್ರೋಲ್ ಇದ್ದ ಗಾಡಿ ಫುಲ್ ತೋರಿಸುತ್ತಿದೆ. ಅದರ ಪಕ್ಕದ ಟೆಂಪರೇಚರ್ ಮುಳ್ಳು ಕೂಡ ಮೇಲಕ್ಕೆ ಹತ್ತುತ್ತಿದೆ. ಬೋರ್ಡಿನ ಮೇಲೆ ಕೈಯಿಂದ ತಟ್ಟಿದರೆ ಎರಡೂ ಒಟ್ಟಿಗೇ ಇಳಿಯುತ್ತವೆ. ರಾತ್ರಿ ಬೋರ್ಡಿನ ಬಲಗಡೆಯ ದೀಪ ಇಲ್ಲ.

ಎರಡು ಮುಳ್ಳು ಒಟ್ಟಿಗೆ ತಪ್ಪು ತೋರಿಸಿದರೆ ಎರಡಕ್ಕೂ ಸೇರಿದ ಯಾವುದೋ ಒಂದು ಜಾಗ ಕೆಟ್ಟಿದೆ ಅಂತಲೇ ಅರ್ಥ. ಇದು ನನಗೆ ಆಗ ಹೊಳೆಯಲಿಲ್ಲ. ಎಂಜಿನ್ ಬಿಸಿಯಾಗುತ್ತಿದೆ ಅಂದುಕೊಂಡು ಅದರ ಬಿಸಿ ಹತೋಟಿಯಲ್ಲಿಡುವ ಥರ್ಮೋಸ್ಟಾಟ್ ಬದಲಾಯಿಸಿದೆ. ಸುಮ್ನೆ ದಂಡ. ರೇಡಿಯೇಟರ್ ಮೇಲೆ ಕೈ ಇಟ್ಟು ನೋಡಿದ್ದರೂ ಗೊತ್ತಾಗುತ್ತಿತ್ತು.

ಮೊದಲು ಗುಜರಿಯ ಕಥೆ. ಬೇರೆ ಕೆಲಸಕ್ಕೆ ಬೆಂಗಳೂರಿಗೆ ಹೋದವನು ಶಿವಾಜಿನಗರದ ಕಡೆ ಹೋಗಿ ಒಂದು ಅಂಗಡಿಯಲ್ಲಿ ಕೇಳಿದೆ. "ಸಾರ್, 800ರದ್ದು ಎಲ್ಲಾ ಒಂದೇ, ತಗೊಳ್ಳಿ" ಅಂದರು. ಎಲ್ಲಾ ಒಂದೇ ಅಲ್ಲ. 800 ಬಂದಿದ್ದು 1983ರ ಡಿಸೆಂಬರಿನಲ್ಲಿ, ನಿಂತಿದ್ದು 2014ರ ಜನವರಿಯಲ್ಲಿ. ಮೂವತ್ತು ವರ್ಷದಲ್ಲಿ ಮೈಯೂ ಬದಲಾಯಿತು, ಡ್ಯಾಶ್‌ಬೋರ್ಡೂ ಬದಲಾಯಿತು, ಕಾರ್ಬುರೇಟರ್ ಹೋಗಿ ಎಂಪಿಎಫ್ಐ (ಪೆಟ್ರೋಲನ್ನು ಇಂಜೆಕ್ಟರಿನಿಂದ ಚಿಮ್ಮಿಸುವ ವ್ಯವಸ್ಥೆ) ಬಂತು. ನಿಮ್ಮ ಮೀಟರನ್ನು ಬಿಚ್ಚಿ ಕೈಯಲ್ಲಿ ಹಿಡಿದುಕೊಂಡೇ ಹೋಗಿ. ವೈರುಗಳನ್ನು ಮೀಟರಿಗೆ ಸಿಕ್ಕಿಸುವ ಕಪ್ಲರ್‌ನಲ್ಲಿ ಎಷ್ಟು ಪಿನ್, ಯಾವ ಪಿನ್ ಎಲ್ಲಿಗೆ ಹೋಗುತ್ತದೆ ಅಂತ ಪಕ್ಕದಲ್ಲಿಟ್ಟು ನೋಡಿ. ನನ್ನ ಅದೃಷ್ಟಕ್ಕೆ ಕಪ್ಲರ್ ಹೊಂದಿತು.

ಎರಡೂ ಮುಳ್ಳು ಸರಿಯಾಗಿಯೇ ಓಡಿದವು. ನನಗೆ ಅಡ್ಡ ಬಂದಿದ್ದು ಕಿಲೋಮೀಟರು. ನಮ್ಮ ಗಾಡಿ 94 ಸಾವಿರ ದಾಟಿತ್ತು. ಆ ಮೀಟರ್ 38 ಸಾವಿರ ತೋರಿಸುತ್ತಿತ್ತು. ಬೇರೆಯವರಿಗೆ ಇದು ದೊಡ್ಡ ವಿಷಯ ಅಲ್ಲದಿರಬಹುದು. ನಮ್ಮ ಮನೆಯಲ್ಲಿ ದೊಡ್ಡದು. ಗಾಡಿ ತಂದ ದಿನದಿಂದ ಅಪ್ಪ ಪೆಟ್ರೋಲ್ ಹಾಕಿಸಿದಾಗಲೆಲ್ಲ ತಾರೀಖು, ಲೀಟರ್, ಕಿಲೋಮೀಟರ್ ಬರೆದಿಟ್ಟಿದ್ದಾರೆ. ಈಗ ಮೂರನೇ ಪುಸ್ತಕ ನಡೆಯುತ್ತಿದೆ. ಗುಜರಿ ಮೀಟರ್ ಹಾಕಿದ ಮೇಲೆ ಅವರು ಬಂಕಿನಲ್ಲಿ ಪೆನ್ನು ತೆಗೆದರು, ಮೀಟರ್ ನೋಡಿದರು, ಪೆನ್ನು ಜೇಬಿಗೆ ಹಾಕಿದರು. "ಇದು ಯಾರದ್ದೋ ಗಾಡಿ ಓಡಿದ ಲೆಕ್ಕ ಮಾರಾಯ, ನಾನ್ಯಾಕೆ ಬರೆಯಲಿ?" ಅಂದರು. ಮುಂದೆ ಗಾಡಿ ಮಾರುವಾಗಲೂ ಇದೇ ಪ್ರಶ್ನೆ ಬರುತ್ತದೆ. ಕಡಿಮೆ ಓಡಿದ ಮೀಟರ್ ಹಾಕಿ ಮಾರಿದರೆ ಅದು ಮೋಸವೇ ಅಲ್ವಾ? ಹತ್ತು ದಿನಕ್ಕೆ ಬಿಚ್ಚಿದೆ.

ಆಮೇಲೆ ಹೊಸದು. ಕಂಪನಿಯ ಅಸಲಿ ಮಾಲು ಅಲ್ಲ, ಅದೇ ಅಳತೆಗೆ ಯಾರೋ ಮಾಡಿದ್ದು. ಡಬ್ಬಿ ತೆರೆದಾಗ ಖುಷಿಯಾಯಿತು. ಗಾಜು ಫಳಫಳ. ಬಲ್ಬ್‌ಗಳ ಜಾಗದಲ್ಲಿ ಬಿಳಿ ಎಲ್ಇಡಿ ಹಾಕಿಯೇ ಕಳಿಸಿದ್ದರು. ಕಿಲೋಮೀಟರ್ ಸೊನ್ನೆ. ಅಪ್ಪ ಇದಕ್ಕೆ ಒಪ್ಪಿದರು. ಪುಸ್ತಕದಲ್ಲಿ ಕೆಂಪು ಗೆರೆ ಎಳೆದು "ಹೊಸ ಮೀಟರ್" ಅಂತ ಬರೆದರು.

ಸ್ಪೀಡೋಮೀಟರ್ ಸ್ವಲ್ಪ ಜಾಸ್ತಿ ತೋರಿಸುತ್ತಿತ್ತು. ಪೆಟ್ರೋಲ್ ಮುಳ್ಳು ಕಾಲು ಟ್ಯಾಂಕ್ ಇದ್ದಾಗಲೇ ಖಾಲಿ ಅನ್ನುತ್ತಿತ್ತು. ಹೈ ಬೀಮಿನ ನೀಲಿ ದೀಪ ರಾತ್ರಿ ಕಣ್ಣಿಗೆ ಚುಚ್ಚುತ್ತಿತ್ತು. ಇದನ್ನೆಲ್ಲ ಸಹಿಸಿಕೊಂಡೆ.

ಸಹಿಸಲು ಆಗದ್ದು ಬ್ಯಾಟರಿ. ಹಾಕಿ ಒಂದು ವಾರ ಆಗಿರಬೇಕು, ಬೆಳಿಗ್ಗೆ ಸೆಲ್ಫ್ ಹೊಡೆದರೆ ಟಕ್ ಅಂತ ಸದ್ದು, ಅಷ್ಟೇ. ತಳ್ಳಿ ಸ್ಟಾರ್ಟ್ ಮಾಡಿದೆವು. ಅವತ್ತು ಸಾಗರಕ್ಕೆ ಹೋಗಿ ಬಂದೆ. ಮರುದಿನ ಒಂದೇ ಸಲಕ್ಕೆ ಸ್ಟಾರ್ಟ್. ಆಮೇಲೆ ಎರಡು ದಿನ ಊರೊಳಗೇ ಓಡಾಡಿದೆ. ಮೂರನೇ ದಿನ ಮತ್ತೆ ಟಕ್. ಬ್ಯಾಟರಿಗೆ ವಯಸ್ಸಾಗಿದೆ ಅಂತ ಹೊಸದು ಹಾಕಿಸಿದೆ. ಮೂರು ಸಾವಿರ ಚಿಲ್ಲರೆ ಹೋಯಿತು. ಎಂಟು ದಿನಕ್ಕೆ ಹೊಸ ಬ್ಯಾಟರಿಯೂ ಮಲಗಿತು. ದೂರ ಹೋದರೆ ಚಾರ್ಜ್ ಆಗುತ್ತದೆ, ಊರಲ್ಲಿ ಓಡಿದರೆ ಆಗುವುದಿಲ್ಲ. ಇದೆಂಥ ರೋಗ?

ಅಪ್ಪ ಒಂದು ಮಾತು ಹೇಳಿದ್ದರು, ನಾನು ಕಿವಿಗೆ ಹಾಕಿಕೊಂಡಿರಲಿಲ್ಲ. "ಮೊದಲು ಕೀ ತಿರುಗಿಸಿದರೆ ಆಯಿಲ್ ದೀಪ, ಬ್ಯಾಟರಿ ದೀಪ ಎರಡೂ ಬರುತ್ತಿತ್ತು. ಈಗ ಆಯಿಲ್ ದೀಪ ಮಾತ್ರ ಬರ್ತದಲ್ಲ?" ಬ್ಯಾಟರಿ ದೀಪ ಉರಿಯದಿದ್ದರೆ ಒಳ್ಳೆಯದೇ ಅಲ್ವಾ ಅಂದುಕೊಂಡಿದ್ದೆ. ಅಲ್ಲೇ ಇತ್ತು ಕಥೆ.

ಎಂಜಿನ್ ಓಡುವಾಗ ಬ್ಯಾಟರಿ ಚಾರ್ಜ್ ಮಾಡುವ ಆಲ್ಟರ್ನೇಟರ್, ಅಂದರೆ ನಮ್ಮ ಮೆಕ್ಯಾನಿಕ್‌ಗಳು ಇವತ್ತಿಗೂ ಡೈನಮೋ ಅನ್ನುವುದು, ತಾನಾಗಿ ಕರೆಂಟ್ ಹುಟ್ಟಿಸುವುದಿಲ್ಲ. ಅದರೊಳಗೆ ತಿರುಗುವ ಸುರುಳಿಗೆ ಶುರುವಿನಲ್ಲಿ ಸ್ವಲ್ಪ ಕರೆಂಟ್ ಕೊಟ್ಟು ಅಯಸ್ಕಾಂತ ಮಾಡಬೇಕು. ಹಳೆಯ ಬಗೆಯ ಹಲವು ಆಲ್ಟರ್ನೇಟರ್‌ಗಳಿಗೆ ಆ ಕರೆಂಟ್ ಹೋಗುವುದೇ ಮೀಟರ್ ಬೋರ್ಡಿನ ಬ್ಯಾಟರಿ ದೀಪದ ಮೂಲಕ. ಆ ಬಲ್ಬ್ ಬರೀ ದೀಪ ಅಲ್ಲ, ದಾರಿ ಕೂಡ. 3.4 ವಾಟ್‌ನ ಮಾಮೂಲಿ ಬಲ್ಬಿನಲ್ಲಿ ಕಾಲು ಆಂಪಿಯರ್‌ಗಿಂತ ಸ್ವಲ್ಪ ಹೆಚ್ಚು ಹರಿಯುತ್ತದೆ. ಎಲ್ಇಡಿಯಲ್ಲಿ ಅದರ ಹತ್ತರಲ್ಲಿ ಒಂದು ಪಾಲೂ ಹರಿಯುವುದು ಕಷ್ಟ. ಅದರ ಮೇಲೆ ಎಲ್ಇಡಿಗೆ ಪ್ಲಸ್ ಮೈನಸ್ ಬೇರೆ ಇದೆ. ನನ್ನ ಹೊಸ ಮೀಟರಿನಲ್ಲಿ ಅದೊಂದನ್ನು ಉಲ್ಟಾ ಸಿಕ್ಕಿಸಿದ್ದರು. ಹಾಗಾಗಿ ದೀಪವೂ ಇಲ್ಲ, ಕರೆಂಟೂ ಇಲ್ಲ, ಎಚ್ಚರಿಕೆಯೂ ಇಲ್ಲ.

ಮಲ್ಟಿಮೀಟರ್ ಹಿಡಿದು ನೋಡಿದೆ. ಸ್ಟಾರ್ಟ್ ಮಾಡಿ, ಆಕ್ಸಿಲರೇಟರ್ ಮುಟ್ಟದೆ ಐಡಲ್‌ನಲ್ಲಿ ಬಿಟ್ಟರೆ ಬ್ಯಾಟರಿಯಲ್ಲಿ 12.2 ವೋಲ್ಟ್, ಅಂದರೆ ಚಾರ್ಜೇ ಆಗುತ್ತಿಲ್ಲ. ಆಕ್ಸಿಲರೇಟರ್ ಜೋರಾಗಿ ತುಳಿದರೆ ತಟ್ಟನೆ 14.2ಕ್ಕೆ ಹೋಗಿ ಅಲ್ಲೇ ನಿಂತಿತು. ಕಬ್ಬಿಣದಲ್ಲಿ ಉಳಿದಿರುವ ಚೂರು ಅಯಸ್ಕಾಂತ ಶಕ್ತಿಯಿಂದಲೇ, ವೇಗ ಸಿಕ್ಕಾಗ ಅದು ಎದ್ದು ಕೂರುತ್ತಿತ್ತು. ಸಾಗರದ ರಸ್ತೆಯಲ್ಲಿ ಆಗುತ್ತಿದ್ದದ್ದು ಇದೇ. ಊರೊಳಗೆ ಅಷ್ಟು ಜೋರಾಗಿ ಯಾರು ತುಳಿಯುತ್ತಾರೆ? ಎಲ್ಇಡಿಯನ್ನು ತಿರುಗಿಸಿ ಹಾಕಿದೆ. ದೀಪ ಬಂತು, ಆದರೆ ಒಂದು ಸಲ ಎಂಜಿನ್ ಏರಿಸುವವರೆಗೂ ಆರುತ್ತಿರಲಿಲ್ಲ. ಹಳೆಯ ಮೀಟರಿನಿಂದ ಮಾಮೂಲಿ ಬಲ್ಬ್ ಕಿತ್ತು ಹಾಕಿದೆ. ಐಡಲ್‌ನಲ್ಲೇ 14 ವೋಲ್ಟ್. ಎರಡು ಇಂಚಿನ ಬಲ್ಬ್ ಕೂಡ ಅಲ್ಲ, ಬೆರಳಿನ ಉಗುರಿನಷ್ಟು ದೊಡ್ಡದು. ಅದಕ್ಕಾಗಿ ಹೊಸ ಬ್ಯಾಟರಿ ತಂದಿದ್ದೆ.

ಎಲ್ಲ ಆಲ್ಟರ್ನೇಟರಿಗೂ ಹೀಗಾಗುವುದಿಲ್ಲ. ನಮ್ಮದರಲ್ಲಿ ಇರುವುದು ಹಿಂದೆ ಯಾವಾಗಲೋ ಬದಲಾಯಿಸಿದ್ದು. ಎಲ್ಇಡಿಯೇ ಬೇಕು ಅನ್ನುವವರು ಆ ಒಂದು ಹೋಲ್ಡರಿಗೆ ಮಾತ್ರ ಮಾಮೂಲಿ ಬಲ್ಬ್ ಬಿಡಿ, ಅಥವಾ ಎಲ್ಇಡಿಯ ಪಕ್ಕಕ್ಕೆ ಸಮಾನಾಂತರವಾಗಿ 50 ಓಮ್ ಆಸುಪಾಸಿನ 5 ವಾಟ್ ರೆಸಿಸ್ಟರ್ ಹಾಕಿ. ರೆಸಿಸ್ಟರ್ ಬಿಸಿಯಾಗುತ್ತದೆ, ಪ್ಲಾಸ್ಟಿಕ್ಕಿಗೆ ತಾಗಿಸಬೇಡಿ.

ಬ್ಯಾಟರಿ ಸರಿಹೋದ ಮೇಲೂ ಹೊಸ ಮೀಟರ್ ಮೇಲೆ ನನಗೆ ನಂಬಿಕೆ ಹುಟ್ಟಲಿಲ್ಲ. ಒಂದು ಭಾನುವಾರ ನಮ್ಮ ಹಳೆಯದನ್ನು ಊಟದ ಮೇಜಿನ ಮೇಲೆ ಇಟ್ಟುಕೊಂಡು ಕೂತೆ.

ಅದರ ಬೆನ್ನಿಗೆ ಒಂದು ತೆಳು ಪ್ಲಾಸ್ಟಿಕ್ ಹಾಳೆ ಇದೆ. ಹಾಳೆಯೊಳಗೆ ತಾಮ್ರದ ಗೆರೆಗಳು. ಬಲ್ಬ್ ಹೋಲ್ಡರುಗಳು, ಕಪ್ಲರ್ ಎಲ್ಲ ಈ ಗೆರೆಗಳನ್ನೇ ಕಚ್ಚಿ ಹಿಡಿಯುತ್ತವೆ. ಕಪ್ಲರನ್ನು ಪ್ರತಿ ಸಲ ಕಿತ್ತು ಹಾಕಿದಾಗಲೂ ಗೆರೆ ಸವೆಯುತ್ತದೆ, ಹಾಳೆ ಮಡಚುವ ಜಾಗದಲ್ಲಿ ಕೂದಲೆಳೆಯಂತೆ ಬಿರುಕು ಬಿಡುತ್ತದೆ. ಕಣ್ಣಿಗೆ ಕಾಣುವುದಿಲ್ಲ. ಮಲ್ಟಿಮೀಟರನ್ನು ಬೀಪ್ ಸದ್ದಿಗೆ ಇಟ್ಟು, ಕಪ್ಲರ್ ಕಡೆಯಿಂದ ಹೋಲ್ಡರ್ ಕಡೆಗೆ ಒಂದೊಂದೇ ಗೆರೆ ನೋಡಿದೆ. ಹಾಳೆಯನ್ನು ಸ್ವಲ್ಪ ಬಗ್ಗಿಸಿದರೆ ಎರಡು ಗೆರೆಗಳಲ್ಲಿ ಬೀಪ್ ನಿಲ್ಲುತ್ತಿತ್ತು. ಒಂದು ಬಲಗಡೆಯ ದೀಪದ್ದು. ಇನ್ನೊಂದು ಅರ್ಥ್.

ಆ ಅರ್ಥ್ ಗೆರೆಯೇ ಎರಡೂ ಮುಳ್ಳಿನ ಹುಚ್ಚಿಗೆ ಕಾರಣ. ಈ ಬಗೆಯ ಹಳೆಯ ಮೀಟರುಗಳ ಮುಳ್ಳು ನಿಧಾನವಾಗಿ ಏರುವುದನ್ನು ನೋಡಿರುತ್ತೀರಿ. ಒಳಗೆ ಎರಡು ಲೋಹ ಅಂಟಿಸಿದ ಪಟ್ಟಿ ಇರುತ್ತದೆ. ಅದರ ಸುತ್ತ ತಂತಿ ಬಿಸಿಯಾದಂತೆ ಪಟ್ಟಿ ಬಾಗಿ ಮುಳ್ಳನ್ನು ತಳ್ಳುತ್ತದೆ. ಬ್ಯಾಟರಿಯ ವೋಲ್ಟೇಜ್ ಏರಿಳಿದರೆ ಮುಳ್ಳೂ ಏರಿಳಿಯಬಾರದು ಅಂತ ಎರಡಕ್ಕೂ ಸೇರಿ ಒಂದು ಸಣ್ಣ ರೆಗ್ಯುಲೇಟರ್ ಇರುತ್ತದೆ. ಅದು ಕರೆಂಟನ್ನು ಕಡಿದು ಕಡಿದು ಬಿಡುತ್ತದೆ. ಅದರ ಅರ್ಥ್ ತಪ್ಪಿದರೆ ಕಡಿಯುವುದು ನಿಲ್ಲುತ್ತದೆ, ಪೂರ್ತಿ ವೋಲ್ಟೇಜ್ ಎರಡೂ ಮುಳ್ಳಿಗೆ ಹೋಗುತ್ತದೆ. ಎರಡೂ ಮೇಲೆ. ನಾನು ಥರ್ಮೋಸ್ಟಾಟ್ ಬದಲಾಯಿಸಿದ್ದು ನೆನಪಾಗಿ ನನಗೇ ನಗು ಬಂತು.

ರಿಪೇರಿ ಕಷ್ಟ ಅಲ್ಲ, ಕೈ ನಿಧಾನ ಇರಬೇಕು ಅಷ್ಟೇ. ಬಿರುಕಿನ ಎರಡೂ ಬದಿ ಬ್ಲೇಡಿನಿಂದ ಮೆಲ್ಲಗೆ ಕೆರೆದರೆ ತಾಮ್ರ ಹೊಳೆಯುತ್ತದೆ. 25 ವಾಟ್‌ನ ಐರನ್ ಸಾಕು. ಮೊದಲು ತಾಮ್ರಕ್ಕೆ ಚೂರು ಸೋಲ್ಡರ್ ಹಿಡಿಸಿ, ಆಮೇಲೆ ಸಣ್ಣ ವೈರ್ ತುಂಡು ಇಟ್ಟು ಒಂದೆರಡು ಸೆಕೆಂಡ್ ಒತ್ತಿ ತೆಗೆಯಬೇಕು. ಜಾಸ್ತಿ ಹೊತ್ತು ಇಟ್ಟರೆ ಹಾಳೆ ಕರಗಿ ಗೆರೆಯೇ ಎದ್ದು ಬರುತ್ತದೆ. ನನಗೆ ಒಂದು ಕಡೆ ಹಾಗೇ ಆಯಿತು. ಅಲ್ಲಿ ಗೆರೆಯನ್ನು ಬಿಟ್ಟು ಉದ್ದ ವೈರನ್ನೇ ಎಳೆದೆ. ಅರ್ಥ್‌ಗೆ ಮಾತ್ರ ಹಾಳೆಯನ್ನು ನಂಬಲಿಲ್ಲ. ಮೀಟರಿನ ಅರ್ಥ್ ಸ್ಕ್ರೂನಿಂದ ಬೇರೆ ವೈರ್ ತಂದು, ಡ್ಯಾಶ್ ಕೆಳಗೆ ಬಾಡಿಯ ಬಣ್ಣ ಕೆರೆದು ಬೋಲ್ಟ್ ಹಾಕಿದೆ. ನೀವು ಇದೊಂದನ್ನೇ ಮಾಡಿದರೂ ಅರ್ಧ ಕಾಯಿಲೆ ಹೋಗುತ್ತದೆ.

ಬಿಚ್ಚುವ ಮೊದಲು ಬ್ಯಾಟರಿಯ ಮೈನಸ್ ತೆಗೆಯಿರಿ. ಸ್ಪೀಡೋಮೀಟರ್ ಕೇಬಲ್ ಎಳೆದಾಡಬೇಡಿ, ಗೇರ್‌ಬಾಕ್ಸ್ ಕಡೆ ಬಿಡಿಸಿದರೆ ಮೇಲೆ ಸಡಿಲ ಸಿಗುತ್ತದೆ. ಕೇಬಲ್‌ಗೆ ಗ್ರೀಸ್ ಹಾಕುವುದಾದರೆ ಮೇಲಿನ ತುದಿ ಒಣಗಿಯೇ ಇರಲಿ, ಇಲ್ಲದಿದ್ದರೆ ಜಿಡ್ಡು ಮೀಟರಿಗೆ ಹತ್ತಿ ಮುಳ್ಳು ಅಂಟಿಕೊಳ್ಳುತ್ತದೆ.

ಪೆಟ್ರೋಲ್ ಮುಳ್ಳು ಒಂದೇ ಕೆಟ್ಟಿದ್ದರೆ ಮೀಟರನ್ನು ಮುಟ್ಟಲೇಬೇಡಿ, ಮೊದಲು ಟ್ಯಾಂಕಿನ ಫ್ಲೋಟ್ (ಪೆಟ್ರೋಲಿನ ಮೇಲೆ ತೇಲುತ್ತಾ ಮಟ್ಟ ತಿಳಿಸುವ ಭಾಗ) ಕಡೆ ನೋಡಿ. ಅಲ್ಲಿ ವೈರ್ ಕಿತ್ತು, 3.4 ವಾಟ್ ಬಲ್ಬ್ ಒಂದರ ಮೂಲಕ ಬಾಡಿಗೆ ತಾಗಿಸಿ ಕೀ ಹಾಕಿ. ಬಲ್ಬ್ ಉರಿದು ಮುಳ್ಳು ಅಲುಗಿದರೆ ಮೀಟರೂ ವೈರಿಂಗೂ ಸರಿ ಇದೆ, ಫ್ಲೋಟ್ ಹಾಳು. ಬಲ್ಬ್ ಇಲ್ಲದೆ ನೇರವಾಗಿ ತಾಗಿಸಿದರೆ ಮೀಟರಿನ ತಂತಿ ಸುಡಬಹುದು. ಪೆಟ್ರೋಲ್ ಟ್ಯಾಂಕ್ ಹತ್ತಿರ ಕಿಡಿ ಹಾರಿಸುವ ಧೈರ್ಯವೂ ಬೇಡ. ವೈರಿನ ತುದಿಗಳನ್ನು ಮೊದಲು ಕೂರಿಸಿ, ಆಮೇಲೆ ಕೀ ತಿರುಗಿಸಿ.

ನಿಮಗೆ ಸೋಲ್ಡರ್ ಹಿಡಿಯುವ ಅಭ್ಯಾಸ ಇಲ್ಲ, ಕಿಲೋಮೀಟರ್ ಲೆಕ್ಕದ ಗೊಡವೆಯೂ ಇಲ್ಲ ಅಂದರೆ ಗುಜರಿಯದ್ದೇ ಸರಿ. ಅದು ಅಸಲಿ ಮಾಲು, ಮುಳ್ಳು ಸರಿಯಾಗಿ ತೋರಿಸುತ್ತದೆ. ಪುಸ್ತಕದಲ್ಲೋ ಸರ್ವಿಸ್ ಚೀಟಿಯಲ್ಲೋ ಬದಲಾಯಿಸಿದ ದಿನ ಬರೆದಿಡಿ. ಹೊಸದನ್ನು ನಾನಂತೂ ಯಾರಿಗೂ ಹೇಳುವುದಿಲ್ಲ, 2,100ಕ್ಕೆ ಅಷ್ಟು ತಲೆನೋವು ಬೇಡ. ಅದರ ಗಾಜು ಮಾತ್ರ ಚೆನ್ನಾಗಿತ್ತು. ಅದನ್ನು ಬಿಚ್ಚಿ ನಮ್ಮ ಹಳೆಯದಕ್ಕೆ ಹಾಕಿದ್ದೇನೆ, ನಮ್ಮದು ಹಳದಿ ತಿರುಗಿತ್ತು.

ಹಳೆಯ ಮೀಟರ್ ವಾಪಸ್ ಕೂತ ದಿನ ಅಪ್ಪ ಬಂಕಿಗೆ ಹೋಗೋಣ ಅಂದರು, ಟ್ಯಾಂಕಿನಲ್ಲಿ ಪೆಟ್ರೋಲ್ ಇದ್ದರೂ. ಐದು ಲೀಟರ್ ಹಾಕಿಸಿದರು. ಹೊಸ ಮೀಟರ್ ಓಡಿದ 612 ಕಿಲೋಮೀಟರನ್ನು ಪಕ್ಕದಲ್ಲಿ ಪೆನ್ಸಿಲಿನಲ್ಲಿ ಕೂಡಿಸಿ, ಗುಜರಿ ಮೀಟರಿನ ಹತ್ತು ದಿನಕ್ಕೆ ಒಂದು ಪ್ರಶ್ನೆ ಚಿಹ್ನೆ ಹಾಕಿ, ಕೆಳಗಿನ ಸಾಲಿನಿಂದ ಮತ್ತೆ ಬರೆಯಲು ಶುರು ಮಾಡಿದರು.