ಫೆಟಿಸೋವ್ ಅವರನ್ನು ಯಾವ ಸಾಕ್ಷ್ಯಚಿತ್ರದಲ್ಲಿ ನೋಡಬೇಕು?

ಸೋವಿಯತ್ ಐಸ್ ಹಾಕಿಯ ಹೆಸರಾಂತ ರಕ್ಷಣಾ ಆಟಗಾರ ವ್ಯಾಚೆಸ್ಲಾವ್ ಫೆಟಿಸೋವ್ ಅವರನ್ನು ತೆರೆಯ ಮೇಲೆ ಕಾಣಬಯಸುವವರು ಗೇಬ್ ಪೋಲ್ಸ್ಕಿ ನಿರ್ದೇಶನದ ‘ರೆಡ್ ಆರ್ಮಿ’ (2014) ಮತ್ತು ಜೊನಾಥನ್ ಹಾಕ್ ನಿರ್ದೇಶನದ ‘ಆಫ್ ಮಿರಾಕಲ್ಸ್ ಅಂಡ್ ಮೆನ್’ (2015) ಎಂಬ ಎರಡು ಸಾಕ್ಷ್ಯಚಿತ್ರಗಳಲ್ಲಿ ಒಂದನ್ನು ಆರಿಸಿಕೊಳ್ಳಬಹುದು.

ಮೊದಲನೆಯದರ ಕೇಂದ್ರವೇ ಫೆಟಿಸೋವ್. ತರಬೇತುದಾರ ತಿಖೋನೊವ್ ಅವರ ಕಠಿಣ ಶಿಬಿರ, ಸಹ ಆಟಗಾರರಾದ ಲಾರಿಯೊನೊವ್, ಕ್ರುಟೋವ್, ಮಕರೋವ್ ಮತ್ತು ಕಸಟೋನೊವ್ ಅವರೊಡನೆ ಕೂಡಿದ ಐವರ ಹೊಂದಾಣಿಕೆ, 1989ರಲ್ಲಿ ಅಮೆರಿಕದ ವೃತ್ತಿಪರ ಕ್ಲಬ್ ತಂಡವೊಂದನ್ನು ಸೇರುವ ಮುನ್ನ ಸೋವಿಯತ್ ಅಧಿಕಾರಿಗಳೊಂದಿಗೆ ನಡೆದ ಜಗ್ಗಾಟ, ಇವೆಲ್ಲವನ್ನೂ ಬಹುಮಟ್ಟಿಗೆ ಅವರ ಬಾಯಿಂದಲೇ ಕೇಳುತ್ತೇವೆ. ಕ್ಯಾಮೆರಾ ಎದುರು ಫೋನಿನಲ್ಲಿ ಮಗ್ನರಾಗಿದ್ದು, ಪ್ರಶ್ನಿಸುವ ನಿರ್ದೇಶಕರತ್ತ ಅಸಭ್ಯವಾಗಿ ಬೆರಳು ತೋರಿಸುವ ದೃಶ್ಯವನ್ನು ಕತ್ತರಿಸದೆ ಉಳಿಸಿಕೊಂಡಿರುವುದು, ನನ್ನ ದೃಷ್ಟಿಯಲ್ಲಿ, ಯಾವ ಹೊಗಳಿಕೆಗಿಂತಲೂ ಚೆನ್ನಾಗಿ ಅವರ ಸ್ವಭಾವವನ್ನು ತಿಳಿಸುತ್ತದೆ.

ಎರಡನೆಯದು 1980ರ ಲೇಕ್ ಪ್ಲಾಸಿಡ್ ಒಲಿಂಪಿಕ್ಸ್‌ನಲ್ಲಿ ಅಮೆರಿಕದೆದುರು 4-3ರಿಂದ ಸೋತ ಸೋವಿಯತ್ ಆಟಗಾರರ ಕಡೆಯಿಂದ ಕಥೆ ಹೇಳುತ್ತದೆ. ಅಲ್ಲಿ ಫೆಟಿಸೋವ್ ಹಲವರಲ್ಲೊಬ್ಬರು. ಆದರೂ ಮಗಳೊಂದಿಗೆ ಅದೇ ಊರಿಗೆ ಮರಳುವ ಅವರ ಮೃದು ಮುಖವನ್ನು ಕಾಣಬೇಕಾದರೆ ಈ ಚಿತ್ರವನ್ನೇ ನೋಡಬೇಕು.

ಐಸ್ ಹಾಕಿಯ ಗಂಧವಿಲ್ಲದವರಿಗೂ ವ್ಯಕ್ತಿಯ ಪೂರ್ಣ ಬದುಕನ್ನು ತಿಳಿಯಬಯಸುವವರಿಗೂ ‘ರೆಡ್ ಆರ್ಮಿ’ಯೇ ಸರಿ; ಆ ಒಂದೇ ಸೋಲಿನ ಬಗ್ಗೆ ಕುತೂಹಲವಿರುವವರು ಮಾತ್ರ ಎರಡನೆಯದನ್ನು ಮೊದಲು ನೋಡಲಿ.